ಅಂಜನಮ್ಮ ಅಮೆರಿಕದಲ್ಲಿದ್ದ ಒಂದೂವರೆ ಗಂಟೆ

ಅಂಜನಮ್ಮ ಎಡಗೈಯಲ್ಲಿ ಅವರೆಕಾಳು ಹಿತುಕುತ್ತಾ ಬಲಗೈಯಲ್ಲಿ ಮೌಸ್ ಆಡಿಸುತ್ತಿದ್ದಳು. ರಾತ್ರಿಯೆಲ್ಲ ನೆನೆದ ಕಾಳು ಬೆರಳ ಸಂದಿಯಿಂದ ಪುಳಕ್ಕನೆ ಜಾರಿ ಪಾತ್ರೆಗೆ ಬೀಳಬೇಕು. ಹತ್ತರಲ್ಲಿ ಒಂದು ದಾರಿ ತಪ್ಪಿ ಕಂಪ್ಯೂಟರಿನ ಪರದೆಗೆ ಬಡಿಯುತ್ತಿತ್ತು. ಆಗ ಅವಳು ಸೆರಗಿನಿಂದ ಪರದೆ ಒರೆಸಿ, ಎಲ್ಲಿಗೆ ಬಂದಿದ್ದೆ ಎಂದು ಹುಡುಕಿ, ಮತ್ತೆ ಶುರು ಮಾಡುತ್ತಿದ್ದಳು.

ಪರದೆಯ ಮೇಲೆ ಒಂದು ಫೋನ್ ನಿಂತಿತ್ತು. ಒತ್ತಿದರೆ ತೆರೆಯುತ್ತಿತ್ತು, ಎಳೆದರೆ ಜರುಗುತ್ತಿತ್ತು. ಅದಕ್ಕೆ ಸಿಮ್ ಇಲ್ಲ, ಚಾರ್ಜರ್ ಇಲ್ಲ, ಕೈಜಾರಿದರೆ ಒಡೆಯಲು ಗಾಜೂ ಇಲ್ಲ. ಆದರೂ ಅದು ತಾನು ಫೋನೇ ಎಂದು ಪೂರ್ತಿ ನಂಬಿಕೊಂಡಿತ್ತು. ಇದಕ್ಕೆ ಎಮ್ಯುಲೇಟರ್ ಅನ್ನುತ್ತಾರೆ ಎಂದು ಅರ್ಪಿತ ಮೊದಲ ದಿನವೇ ಹೇಳಿದ್ದಳು. ಅಂಜನಮ್ಮ ಮಾತ್ರ 'ಇಲ್ಲದ ಫೋನು' ಎಂದೇ ಕರೆಯುತ್ತಿದ್ದಳು.

ಅರ್ಪಿತ ಉತ್ತರಹಳ್ಳಿಯ ಈ ಮನೆಯ ಎರಡನೇ ಮಹಡಿಯ ಬಾಡಿಗೆಯವಳು. ದಾವಣಗೆರೆ ಕಡೆಯ ಹುಡುಗಿ. ಆಫೀಸು ಬಿಟಿಎಂ ಲೇಔಟಿನಲ್ಲಿ, ಕೆಲಸ ಹೆಚ್ಚು ದಿನ ಮನೆಯಿಂದಲೇ. ಹೊಸ ಆಪ್ ಜನರ ಕೈಗೆ ಹೋಗುವ ಮೊದಲು ಅದು ಎಲ್ಲ ಥರದ ಫೋನಿನಲ್ಲೂ ನೆಟ್ಟಗೆ ನಡೆಯುತ್ತದೆಯೇ ಎಂದು ನೋಡುವುದು ಅವಳ ಉದ್ಯೋಗ. ಲೋಕದ ಫೋನುಗಳನ್ನೆಲ್ಲ ಕೊಂಡು ಗುಡ್ಡೆ ಹಾಕುವುದು ಆಗದ ಮಾತು. ಹಾಗಾಗಿ ಬೇಕಾದ ಫೋನನ್ನು ಬೇಕಾದಾಗ ಕಂಪ್ಯೂಟರಿನಲ್ಲೇ ಹುಟ್ಟಿಸಿ, ಪರೀಕ್ಷೆ ಮಾಡಿ, ಸಾಯಿಸುತ್ತಿದ್ದಳು.

ಮನೆಯ ಒಡತಿ ಅಂಜನಮ್ಮ ತಿಂಗಳ ಹಿಂದೆ ಮೋಟರ್ ಸ್ವಿಚ್ಚಿನ ವಿಷಯ ಹೇಳಲು ಮೇಲೆ ಹತ್ತಿದವಳು ಸುಮ್ಮನೆ ಆ ಫೋನಿನಲ್ಲಿ ಏನೋ ಒತ್ತಿದ್ದಳು. ಮುಂದೆ ಹೋಗುವ ಗುಂಡಿ ಕೀಬೋರ್ಡಿನ ಹಿಂದೆ ಅಡಗಿಕೊಂಡಿದೆ, ಕಾಣುವುದೇ ಇಲ್ಲ ಅಂದಳು. ಎಂಟು ಜನ ಇಂಜಿನಿಯರುಗಳಿಗೆ ಮೂರು ವಾರದಿಂದ ಸಿಗದ ತಪ್ಪು ಅದು.

"ಅಯ್ಯೋ, ನಂಗೆ ಗೊತ್ತಾಗ್ಲಿಲ್ಲ ಕಣಮ್ಮ, ಏನೋ ಕೆಡಿಸಿಬಿಟ್ಟೆ."

"ಆಂಟಿ, ನಿಮ್ಮ ಕೈಲಿ ಆಗ್ಲಿಲ್ಲ ಅಂದ್ರೆ ತಪ್ಪು ನಿಮ್ದಲ್ಲ. ಆಪಿಂದು."

ಈ ವಾಕ್ಯವನ್ನು ಅಂಜನಮ್ಮ ಅರ್ಪಿತಳಿಂದ ಎರಡು ಸಲ ಹೇಳಿಸಿದ್ದಳು. ಮರುದಿನದಿಂದ, ಗಂಡ ಹೋಟೆಲಿನಲ್ಲಿ ಕೂತಿರುವ ಹೊತ್ತು ನೋಡಿ, ಹನ್ನೊಂದಕ್ಕೆ ಮೇಲೆ ಹೋಗಿ ಒಂದು ಗಂಟೆಗೆ ಇಳಿಯುವುದು ರೂಢಿಯಾಯಿತು. ಆಫೀಸಿನಲ್ಲಿ ಈಗ 'ಅಂಜನಮ್ಮ ಟೆಸ್ಟ್' ಎಂಬುದೊಂದು ಹುಟ್ಟಿಕೊಂಡಿತ್ತು. ಅವಳು ಯಾರನ್ನೂ ಕೇಳದೆ ದಾಟಿದರೆ ಆಪ್ ಪಾಸು. ಬರುವ ಸೋಮವಾರ ಅವಳೇ ಆಫೀಸಿಗೆ ಬರಬೇಕು, ಎಂಟೂ ಜನ ಸುತ್ತ ಕೂತು ಅವಳು ಎಲ್ಲೆಲ್ಲಿ ಎಡವುತ್ತಾಳೆ ಎಂದು ನೋಡಿ ಬರೆದುಕೊಳ್ಳಬೇಕು ಎಂದು ಮ್ಯಾನೇಜರ್ ಕೇಳಿಕೊಂಡಿದ್ದರು. ತಾನು ಎಡವುವುದನ್ನು ಬೈಯದೆ ನೋಡುವವರು ಲೋಕದಲ್ಲಿ ಎಂಟು ಜನ ಇದ್ದಾರೆ ಎಂಬುದು ಅಂಜನಮ್ಮನಿಗೆ ಐವತ್ನಾಲ್ಕನೇ ವಯಸ್ಸಿನಲ್ಲಿ ತಿಳಿದ ಸುದ್ದಿ. ಅವಳಿಗೆ ಹೋಗಲೇಬೇಕಿತ್ತು.

ಗಂಡ ಬೈರಣ್ಣನನ್ನು ಇನ್ನೂ ಕೇಳಿರಲಿಲ್ಲ. ಅದಕ್ಕೇ ಈ ಹಿತುಕಿದ ಬೇಳೆ. ಮುದ್ದೆಯ ಜೊತೆ ಹಿತುಕಿದ ಬೇಳೆ ಸಾರು ಉಂಡ ಬೈರಣ್ಣ ಮೂರು ಗಂಟೆಯವರೆಗೆ ಯಾವುದಕ್ಕೂ ಬೇಡ ಅನ್ನುವುದಿಲ್ಲ ಎಂಬುದು ಮೂವತ್ತೆರಡು ವರ್ಷಗಳ ಪ್ರಯೋಗದಿಂದ ಸಾಬೀತಾಗಿತ್ತು.

"ಆಂಟಿ, ನಂಗೆ ಮೀಟಿಂಗ್ ಇದೆ, ಒಳಗಿರ್ತೀನಿ. ಒಂದು ಹೊಸ ಫೋನ್ ಹಾಕಿದ್ದೀನಿ. ಹೊಸಬರ ಥರ ನಮ್ಮ ಆಪ್ ಹಾಕ್ಕೊಂಡು ಲಾಗಿನ್ ಆಗಿ. ನನ್ನ ಏನೂ ಕೇಳಬೇಡಿ. ಹಾಂ, ನಿಮ್ಮ ಫೋನ್ ಸೈಲೆಂಟ್ ಮಾಡಿ." ಇಷ್ಟು ಹೇಳಿ ಅರ್ಪಿತ ಒಳಗಿನ ಕೋಣೆಯ ಬಾಗಿಲು ಹಾಕಿಕೊಂಡಳು.

ಅಂಜನಮ್ಮ ತನ್ನ ಫೋನಿನ ಬಾಯಿ ಮುಚ್ಚಿಸಿ ಪಕ್ಕಕ್ಕಿಟ್ಟಳು. ಇಲ್ಲದ ಫೋನು ಮೊಬೈಲ್ ನಂಬರ್ ಕೇಳಿತು. ಪರೀಕ್ಷೆಗೆಂದೇ ಬೇರೆ ನಂಬರ್ ಇತ್ತು, ಅದನ್ನು ಯಾವಾಗಲೂ ಹಾಕುತ್ತಿದ್ದವಳು ಅರ್ಪಿತ. ಅಂಜನಮ್ಮನಿಗೆ ಬಾಯಿಗೆ ಬರುವ ನಂಬರ್ ತನ್ನದೊಂದೇ. ಹಾಕಿದಳು. ತನ್ನ ಫೋನಿಗೆ ಓಟಿಪಿ ಬಂತು. ಅದನ್ನೂ ಹಾಕಿದಳು. 'ನೀವು ಬೇರೆ ಫೋನಿನಲ್ಲಿ ಇದ್ದೀರಿ. ಇಲ್ಲಿಗೆ ಬರುವಿರಾ?' ಎಂದು ಆಪ್ ಕೇಳಿತು. ಇಷ್ಟು ಮರ್ಯಾದೆಯಿಂದ ಕರೆದರೆ ಯಾರು ಇಲ್ಲ ಅಂದಾರು? 'ಹೌದು' ಒತ್ತಿದಳು.

ಆಗ ಸಮಯ ಹನ್ನೊಂದು ಹತ್ತು.

ಆ ಆಪಿನ ಹೆಸರು 'ಎಲ್ಲಿದ್ದೀರಿ'. ಮನೆಮಂದಿಯೆಲ್ಲ ಸೇರಿಕೊಂಡರೆ ಯಾರು ಎಲ್ಲಿದ್ದಾರೆಂದು ಮ್ಯಾಪಿನ ಮೇಲೆ ಚುಕ್ಕೆಗಳಾಗಿ ಕಾಣುತ್ತಾರೆ. ಅರ್ಪಿತ ಪ್ರಯೋಗಕ್ಕೆಂದು ಕೊಟ್ಟದ್ದನ್ನು ಬೈರಣ್ಣ ಭಕ್ತಿಯಿಂದ ಸ್ವೀಕರಿಸಿ, ನೆಂಟರಿಷ್ಟರೆಲ್ಲರ ಫೋನಿಗೂ ತಾನೇ ನಿಂತು ಹಾಕಿಸಿದ್ದ. ಅಂಜನಮ್ಮನದು ಬಿಟ್ಟು ಹದಿನೇಳು ಚುಕ್ಕೆ. ದಿನವೂ ತಿಂಡಿಯಾದ ಮೇಲೆ ಅವನು ಸರ್ಕಲ್ಲಿನ ಹೋಟೆಲಿನಲ್ಲಿ ಕೂತು, ಬೈ-ಟೂ ಕಾಫಿ ಹೀರುತ್ತಾ, ಕೇಳಿದವರಿಗೂ ಕೇಳದವರಿಗೂ ವೀಕ್ಷಕ ವಿವರಣೆ ಕೊಡುತ್ತಿದ್ದ. "ನಮ್ಮ ಚಲುವರಾಜು ಬನಶಂಕರಿ ದಾಟ್ದ. ನಮ್ಮ ತಂಗಿ ಬೇಗೂರಲ್ಲಿ ಮನೇಲೇ ಅವ್ಳೆ."

ಈ ಆಪಿನಿಂದ ಈಗಾಗಲೇ ಒಂದು ಬಲಿ ಬಿದ್ದಿತ್ತು. ಅಂಜನಮ್ಮನ ಅಣ್ಣ, ತಲಘಟ್ಟಪುರದ ಮುನಿಯಣ್ಣ, ಕಾರ್ತಿಕ ಸೋಮವಾರ ಬೇಗೂರಿನ ನಾಗೇಶ್ವರನ ಗುಡಿಗೆ ಹೋಗಿದ್ದೆ ಎಂದು ನಾಮಕರಣವೊಂದರಲ್ಲಿ ಹೇಳಿಕೊಂಡಿದ್ದ. ಬೈರಣ್ಣ ಪಂಕ್ತಿಯ ನಡುವೆ ಎದ್ದು ನಿಂತು, "ಇಲ್ಲ ಬಾವ, ಎರಡು ಗಂಟೆ ಕಾಲ ನೀವು ಬಾರಲ್ಲಿದ್ರಿ" ಎಂದು ಫೋನನ್ನು ಎಲ್ಲರಿಗೂ ತೋರಿಸಿದ್ದ. ಬಾರು ಗುಡಿಯ ಹಿಂದಿನ ಬೀದಿಯಲ್ಲೇ ಇದೆ, ಚುಕ್ಕೆ ಒಂದಿಷ್ಟು ಸರಿದಿರಬೇಕು ಎಂದು ಮುನಿಯಣ್ಣ ಎಷ್ಟು ಹೇಳಿದರೂ ಯಾರೂ ಕೇಳಲಿಲ್ಲ. ಮ್ಯಾಪ್ ಸುಳ್ಳು ಹೇಳುವುದಿಲ್ಲ ಎಂಬ ಸಿದ್ಧಾಂತವನ್ನು ಬೈರಣ್ಣ ಅಂದು ಹೋಳಿಗೆ ಎಲೆಯ ಮುಂದೆ ಸ್ಥಾಪಿಸಿದ್ದ. ಬಾವಂದಿರ ನಡುವೆ ಅಂದಿನಿಂದ ಮಾತಿರಲಿಲ್ಲ.

ಹನ್ನೊಂದು ಹನ್ನೆರಡಕ್ಕೆ ಹೋಟೆಲಿನಲ್ಲಿ ಬೈರಣ್ಣನ ಫೋನು ಟಿಣ್ ಅಂದಿತು.

'ಅಂಜನಮ್ಮ ಹೊಸ ಜಾಗ ತಲುಪಿದ್ದಾರೆ. ಕ್ಯಾಲಿಫೋರ್ನಿಯಾ, ಅಮೆರಿಕ.'

ಬೈರಣ್ಣ ಕಾಫಿ ಕೆಳಗಿಟ್ಟ. ಕನ್ನಡಕ ತೆಗೆದು ಒರೆಸಿ ಹಾಕಿಕೊಂಡ. ಹೆಂಡತಿಯ ಚುಕ್ಕೆ ಒಂದು ದೊಡ್ಡ ಸಮುದ್ರದ ಆಚೆ ದಡದಲ್ಲಿ ಅಲುಗಾಡದೆ ಕೂತಿತ್ತು. ಫೋನ್ ಮಾಡಿದ. ರಿಂಗಾಯಿತು, ಯಾರೂ ಎತ್ತಲಿಲ್ಲ. ಎಂಟು ಸಲ ಮಾಡಿದ.

"ಏನ್ ಬೈರಣ್ಣ, ಮುಖ ಹಿಂಗಾಯ್ತು?" ಹೋಟೆಲಿನವನು ಕೇಳಿದ.

"ನಮ್ಮನೆಯೋಳು ಅಮೆರಿಕಕ್ಕೆ ಹೋಗವ್ಳೆ."

"ಒಳ್ಳೇದೇ ಆಯ್ತು. ಯಾವತ್ತು?"

"ಈಗ. ಒಂಬತ್ತೂವರೆಗೆ ನಂಗೆ ಕಾಫಿ ಕೊಟ್ಟಿದ್ಲು."

ಬೈರಣ್ಣ ಮನೆಗೆ ಓಡಿದ. ಬೀಗ ಹಾಕಿತ್ತು. ಹೂಕುಂಡದ ಕೆಳಗಿನ ಬೀಗದಕೈ ತೆಗೆದು ಒಳಗೆ ನೋಡಿದ. ಒಲೆ ಆರಿತ್ತು. ಅಂಜನಮ್ಮನ ಚಪ್ಪಲಿ ಇರಲಿಲ್ಲ. ಗೂಟಕ್ಕೆ ನೇತು ಹಾಕಿರುತ್ತಿದ್ದ ಸ್ವೆಟರೂ ಇರಲಿಲ್ಲ. ಡಿಸೆಂಬರಿನ ಥಂಡಿಗೆ ಅವಳು ಅದನ್ನು ಹಾಕಿಕೊಂಡೇ ಮಹಡಿ ಹತ್ತಿದ್ದಳು.

ಅಷ್ಟರಲ್ಲಿ ಹದಿನೇಳು ಫೋನುಗಳಲ್ಲೂ ಟಿಣ್ ಆಗಿತ್ತು. ಬೇಗೂರಿನಿಂದ ಬೈರಣ್ಣನ ತಂಗಿ ಪುಟ್ಟಲಕ್ಷ್ಮಮ್ಮ, ಅವಳನ್ನು ಕಾರಿನಲ್ಲಿ ಕೂರಿಸಿಕೊಂಡು ಅವಳ ಮಗ ಚಲುವರಾಜು ಬಂದಿಳಿದರು. ಚಲುವರಾಜು ಏರ್‌ಪೋರ್ಟಿಗೆ ಟ್ಯಾಕ್ಸಿ ಓಡಿಸುವವನು. ಆದ್ದರಿಂದ ಮನೆತನದ ವಿದೇಶಾಂಗ ವ್ಯವಹಾರಗಳಿಗೆಲ್ಲ ಅವನೇ ಮುಖ್ಯಸ್ಥ.

"ಸ್ವೆಟರ್ ಇಲ್ವಾ ಮಾವ?" ಅವನು ಗಂಭೀರವಾಗಿ ಕೇಳಿದ. "ಹಂಗಾದ್ರೆ ಮುಗೀತು. ಅಲ್ಲಿ ಈಗ ಚಳಿ. ತಿಳ್ಕೊಂಡೇ ಹೋಗವ್ರೆ."

"ಅಯ್ಯೋ ಅತ್ತಿಗೇ!" ಪುಟ್ಟಲಕ್ಷ್ಮಮ್ಮ ಜಗಲಿಯಲ್ಲಿ ಕುಸಿದಳು. "ಬರೋ ವಾರ ಮೊಮ್ಮಗೂಗೆ ಕಿವಿ ಚುಚ್ಚಿಸ್ಬೇಕು. ನೂರು ಒಬ್ಬಟ್ಟು ತಟ್ಕೊಡ್ತೀನಿ ಅಂದಿದ್ಲು. ಈಗ ಯಾರು ತಟ್ತಾರೆ?"

"ಒಬ್ಬಟ್ಟು ಬಿಡೇ," ಅಂದ ಬೈರಣ್ಣ. "ನನ್ನ ಬಿಪಿ ಮಾತ್ರೆ ಎಲ್ಲಿಟ್ಟವ್ಳೆ ಅಂತಾನೇ ಗೊತ್ತಿಲ್ಲ."

"ವಿಮಾನಕ್ಕೆ ಹದಿನೆಂಟು ಗಂಟೆ ಬೇಕಲ್ಲ ಕಣ್ರೀ?" ಅಂತ ಎದುರುಮನೆಯ ಮೀನಾಕ್ಷಮ್ಮ ಕಾಂಪೌಂಡಿನ ಆಚೆಯಿಂದ ಸಂದೇಹ ಎತ್ತಿದರು.

"ಆಂಟಿ, ಟೈಮ್ ಡಿಫರೆನ್ಸ್ ಅಂತ ಒಂದಿದೆ," ಚಲುವರಾಜು ಕನಿಕರದಿಂದ ಹೇಳಿದ. "ಅಲ್ಲಿ ಇನ್ನೂ ನಿನ್ನೆ. ನಿನ್ನೆಗೆ ಹೋಗೋಕೆ ಎಷ್ಟು ಹೊತ್ತು ಬೇಕು?"

ಮೀನಾಕ್ಷಮ್ಮ ಬೆರಳೆಣಿಸಿ ಲೆಕ್ಕ ಹಾಕತೊಡಗಿದರು.

ಆಗ ಸ್ಕೂಟರಿನಲ್ಲಿ ಮುನಿಯಣ್ಣ ಬಂದ. ಮೂರು ವಾರದ ನಂತರ ಅವನ ಮುಖದಲ್ಲಿ ನಗು ಇತ್ತು. ಗಾಡಿಗೆ ಸ್ಟ್ಯಾಂಡ್ ಹಾಕಿ, ಹೆಲ್ಮೆಟ್ ತೆಗೆದು, ನಿಧಾನವಾಗಿ ನಡೆದು ಬಂದು ಎಲ್ಲರ ನಡುವೆ ನಿಂತ.

"ಬೈರಣ್ಣ, ನನ್ನ ತಂಗಿ ಎಲ್ಲೂ ಹೋಗಿಲ್ಲ. ನಿಮ್ಮ ಮ್ಯಾಪೇ ಸುಳ್ಳು."

"ಮ್ಯಾಪ್ ಸುಳ್ಳು ಹೇಳಲ್ಲ ಬಾವ."

"ಹಂಗಾದ್ರೆ ಹೋಗವ್ಳೆ."

"ಪಾಸ್‌ಪೋರ್ಟೇ ಇಲ್ಲ, ಹೆಂಗ್ ಹೋಗ್ತಾಳೆ?"

"ಹಂಗಾದ್ರೆ ಮ್ಯಾಪ್ ಸುಳ್ಳು. ಕಾರ್ತಿಕ ಸೋಮವಾರ ಮುನಿಯಣ್ಣ ಗುಡೀಲೇ ಇದ್ದ ಅಂತ ಇವ್ರೆಲ್ಲರ ಮುಂದೆ ಒಂದ್ ಮಾತು ಹೇಳ್ಬಿಡಿ. ಆಮೇಲೆ ಎಲ್ಲ ಸೇರಿ ಹುಡುಕೋಣ."

ಬೈರಣ್ಣ ಒಂದು ಕಡೆ ಮುನಿಯಣ್ಣನ ನಗುವನ್ನು ನೋಡಿದ. ಇನ್ನೊಂದು ಕಡೆ ಸಮುದ್ರದಾಚೆಯ ಚುಕ್ಕೆಯನ್ನು ನೋಡಿದ. ಮೂವತ್ತೆರಡು ವರ್ಷದ ದಾಂಪತ್ಯ ತಕ್ಕಡಿಯಲ್ಲಿ ತೂಗಿತು.

"ಹೋಗವ್ಳೆ," ಅಂದ.

ಮುಂದಿನ ದಾರಿ ಪೊಲೀಸ್ ಠಾಣೆ. ಹೆಡ್ ಕಾನ್‌ಸ್ಟೆಬಲ್ ಸೋಮನಾಥ್ ದೂರಿನ ಫಾರಂ ತೆಗೆದು, ಪೆನ್ನಿನ ಮುಚ್ಚಳ ಬಿಚ್ಚಿ, ಸಮಾಧಾನವಾಗಿ ಕೇಳಿದರು.

"ಕಾಣೆಯಾದವರು ಎಲ್ಲಿದ್ದಾರೆ ಅಂತ ಏನಾದ್ರೂ ಸುಳಿವು ಇದ್ಯಾ?"

"ಇದೆ ಸಾರ್. ಅಮೆರಿಕ. ನೋಡಿ, ರೋಡ್ ಸಮೇತ ತೋರಿಸ್ತಿದೆ."

ಸೋಮನಾಥ್ ಪೆನ್ನಿನ ಮುಚ್ಚಳ ಹಾಕಿದರು. "ಯಜಮಾನ್ರೇ, ಎಲ್ಲಿದ್ದಾರೆ ಅಂತ ರೋಡ್ ಸಮೇತ ಗೊತ್ತಿದ್ರೆ ಅದು ಕಾಣೆ ಕೇಸಲ್ಲ."

"ಮತ್ತೇನು ಸಾರ್?"

"ಪ್ರವಾಸ."

"ಹೇಳ್ದೆ ಕೇಳ್ದೆ ಹೋಗವ್ಳೆ ಸಾರ್!"

"ಮನೆ ಪೂರ್ತಿ ಹುಡುಕಿದ್ರಾ? ಮಹಡಿ ಮೇಲೆ ನೋಡಿದ್ರಾ?"

"ಅಮೆರಿಕದಲ್ಲಿ ಇರೋಳನ್ನ ಮಹಡಿ ಮೇಲೆ ಯಾಕ್ ಸಾರ್ ಹುಡುಕ್ಲಿ?"

ಸೋಮನಾಥ್ ಫಾರಂ ಮಡಚಿಟ್ಟರು. ಇಪ್ಪತ್ತೆರಡು ವರ್ಷದ ಸರ್ವಿಸಿನಲ್ಲಿ ಇಂಥ ಪ್ರಕರಣ ಬಂದಿರಲಿಲ್ಲವಾದ್ದರಿಂದ, ಟೋಪಿ ಹಾಕಿಕೊಂಡು ಸ್ಥಳ ಪರಿಶೀಲನೆಗೆ ತಾವೇ ಹೊರಟರು. ಮನೆಯ ಮುಂದೆ ಪೊಲೀಸ್ ಬೈಕು ನಿಂತದ್ದೇ ತಡ, ಬೀದಿಯಲ್ಲಿ ಒಗ್ಗರಣೆಗೆ ಇಟ್ಟವರೂ ಒಲೆ ಆರಿಸಿ ಬಂದರು.

ಮೇಲೆ ಅಂಜನಮ್ಮ ಕೆಲಸ ಮುಗಿಸಿದ್ದಳು. ಚಿಕ್ಕ ಫೋನಿನಲ್ಲಿ ಅಕ್ಷರ ಒಂದರ ಮೇಲೊಂದು ಹತ್ತಿ ಕೂರುತ್ತವೆ, 'ಹೌದು' ಮತ್ತು 'ಬೇಡ' ಎರಡಕ್ಕೂ ಒಂದೇ ಬಣ್ಣ ಎಂದು ತನ್ನ ನೋಟ್ ಬುಕ್ಕಿನಲ್ಲಿ ಬರೆದಿಟ್ಟಿದ್ದಳು. ಅವರೆಕಾಳೂ ಮುಗಿದಿತ್ತು. ಕೆಳಗಿನ ಗದ್ದಲ ಕೇಳಿ, ಬೀದಿಯಲ್ಲಿ ಯಾರೋ ಹೋಗಿಬಿಟ್ಟರು ಎಂದುಕೊಂಡು, ಪಾತ್ರೆ ಸೊಂಟಕ್ಕಿಟ್ಟುಕೊಂಡು ಮೆಟ್ಟಿಲಿಳಿದಳು. ಇದ್ದವರೆಲ್ಲ ಇವಳತ್ತ ತಿರುಗಿದರು. ಪುಟ್ಟಲಕ್ಷ್ಮಮ್ಮ ಕಿಟಾರನೆ ಕಿರುಚಿದಳು.

"ಯಾರಿಗೇನಾಯ್ತ್ರೀ?" ಅಂಜನಮ್ಮ ಗಾಬರಿಯಾಗಿ ಗಂಡನನ್ನು ಕೇಳಿದಳು.

ಬೈರಣ್ಣ ಅವಳನ್ನು ಅಡಿಯಿಂದ ಮುಡಿಯವರೆಗೆ ನೋಡಿದ.

"ಯಾವಾಗ ಬಂದೆ?"

"ಈಗ್ಲೇ ಇಳ್ದೆ."

"ಇಳಿದ್ರಂತೆ!" ಚಲುವರಾಜು ಜನರಿಗೆ ತಿಳಿಸಿದ.

"ಆದ್ರೆ ಮ್ಯಾಪಲ್ಲಿ ಇನ್ನೂ ಅಲ್ಲೇ ಇದ್ದೀಯಲ್ಲೇ," ಬೈರಣ್ಣ ಫೋನನ್ನು ಅವಳ ಮೂಗಿಗೆ ಹಿಡಿದ. "ನೋಡು. ನೋಡಿಲ್ಲಿ. ನೀನು ಇಲ್ಲಿಲ್ಲ!"

ಒಂದು ಕ್ಷಣ ಅಂಜನಮ್ಮನಿಗೂ ಹೌದೇನೋ ಅನ್ನಿಸಿತು. ಸದ್ದು ಕೇಳಿ ಅರ್ಪಿತ ಮೀಟಿಂಗ್ ಬಿಟ್ಟು ಓಡಿಬಂದಳು. ಬೈರಣ್ಣನ ಫೋನ್ ನೋಡಿದಳು, ಅಂಜನಮ್ಮನನ್ನು ನೋಡಿದಳು, ಬಾಯಿಗೆ ಕೈ ಅಡ್ಡ ಇಟ್ಟುಕೊಂಡಳು.

"ಆಂಟಿ, ನಿಮ್ಮ ಸ್ವಂತ ನಂಬರ್ ಹಾಕಿದ್ರಾ?"

"ನಂಗೆ ಇನ್ಯಾರ ನಂಬರ್ ಗೊತ್ತಮ್ಮ?"

"ಅಂಕಲ್, ಆಂಟಿ ಕಂಪ್ಯೂಟರಲ್ಲಿರೋ ಫೋನಿಗೆ ಲಾಗಿನ್ ಆಗಿದ್ದಾರೆ. ಅದು ನಿಜವಾದ ಫೋನಲ್ಲ. ಹೊಸದಾಗಿ ಹಾಕಿದಾಗ ಅದು ತಾನು ಕ್ಯಾಲಿಫೋರ್ನಿಯಾದಲ್ಲಿದ್ದೀನಿ ಅಂತಾನೇ ಅಂದ್ಕೊಳ್ಳುತ್ತೆ. ನಾವು ಊರು ಬದಲಾಯಿಸೋವರೆಗೂ ಹಾಗೇ."

"ಅಮೆರಿಕದಲ್ಲಿ ಹುಟ್ಟುತ್ತೆ ಅನ್ನಿ," ಅಂದ ಚಲುವರಾಜು. "ಹಂಗಾದ್ರೆ ಅದಕ್ಕೆ ಅಲ್ಲಿನ ಸಿಟಿಜನ್‌ಶಿಪ್ಪೇ ಸಿಗುತ್ತೆ."

"ಇಲ್ಲದ ಫೋನನ್ನ ತೋರ್ಸಿ," ಎಂದು ಸೋಮನಾಥ್ ಆಜ್ಞೆ ಮಾಡಿದರು. ಸರ್ಕಾರಿ ಆಜ್ಞೆಯಾದ್ದರಿಂದ ಹದಿನಾಲ್ಕು ಜನ ಎರಡನೇ ಮಹಡಿ ಹತ್ತಿದರು. ಅರ್ಪಿತಳ ಬಾಗಿಲಲ್ಲಿ ಮದುವೆಮನೆಯಷ್ಟು ಚಪ್ಪಲಿ ಬಿದ್ದವು. ನೆಲದ ತುಂಬ ಅವರೆಸಿಪ್ಪೆ. ಮೇಜಿನ ಮೇಲಿನ ಕಂಪ್ಯೂಟರಿನಲ್ಲಿ ಆ ಫೋನು ಏನೂ ಗೊತ್ತಿಲ್ಲದಂತೆ ಬೆಳಗುತ್ತಿತ್ತು.

"ಈಗ ನೋಡಿ," ಎಂದು ಅರ್ಪಿತ ಫೋನಿನ ಪಕ್ಕದ ಮೂರು ಚುಕ್ಕಿ ಒತ್ತಿದಳು, ಲೊಕೇಶನ್ ಅಂತ ಇದ್ದುದನ್ನು ತೆರೆದಳು, ಉತ್ತರಹಳ್ಳಿ ಎಂದು ಬರೆದಳು, ಮ್ಯಾಪನ್ನು ಎಳೆದು ಎಳೆದು ಇದೇ ಮನೆಯ ಮೇಲೆ ನಿಲ್ಲಿಸಿ ಕೆಳಗಿನ ಗುಂಡಿ ಒತ್ತಿದಳು.

ಹದಿನೇಳು ಫೋನುಗಳಲ್ಲಿ ಟಿಣ್. 'ಅಂಜನಮ್ಮ ಮನೆ ತಲುಪಿದ್ದಾರೆ.'

ಜನ ಚಪ್ಪಾಳೆ ತಟ್ಟಿದರು. ಮೀನಾಕ್ಷಮ್ಮ ಕಣ್ಣೊರೆಸಿಕೊಂಡರು. ಅಂಜನಮ್ಮ ಪಕ್ಕದಲ್ಲೇ ನಿಂತಿದ್ದಳಾದರೂ ಎಲ್ಲರೂ ಅವಳನ್ನು ನಂಬಿದ್ದು ಆಗಲೇ. ಅವಳು ಮಾತ್ರ ಯಾರ ಮುಖವನ್ನೂ ನೋಡಲಿಲ್ಲ. ಅರ್ಪಿತಳ ಬೆರಳು ಎಲ್ಲೆಲ್ಲಿಗೆ ಹೋಯಿತೋ ಅಲ್ಲೇ ಅವಳ ಕಣ್ಣಿತ್ತು.

"ಸರಿ ಹಂಗಾದ್ರೆ," ಮುನಿಯಣ್ಣ ಗಂಟಲು ಸರಿಮಾಡಿಕೊಂಡ. "ಮ್ಯಾಪ್ ಸುಳ್ಳು ಅಂತ ಪೊಲೀಸರ ಮುಂದೇನೇ ಪ್ರೂವ್ ಆಯ್ತು. ಹೇಳಿ ಬೈರಣ್ಣ. ನಾನು ಎಲ್ಲಿದ್ದೆ?"

ಬೈರಣ್ಣ ಬೆವರಿದ. ಒಂದು ಸುತ್ತು ಎಲ್ಲರನ್ನೂ ನೋಡಿದ. ಆಮೇಲೆ ಅವನ ಮುಖ ಬೆಳಗಿತು.

"ಮ್ಯಾಪ್ ಎಲ್ಲಿ ಸುಳ್ಳು ಹೇಳ್ತು ಬಾವ? ಅದು ಸರಿಯಾಗೇ ಇದೆ. ತಪ್ಪು ಮಾಡಿದ್ದು ಇವ್ಳು."

ಮುನಿಯಣ್ಣ ಹೆಲ್ಮೆಟ್ ತಲೆಗೇರಿಸಿಕೊಂಡು ಮೆಟ್ಟಿಲಿಳಿದ. ಸೋಮನಾಥ್ ಅವರೆ ಸೊಗಡಿನದಾ ಎಂದು ವಿಚಾರಿಸಿ, ಹೌದು ಎಂದು ಖಚಿತಪಡಿಸಿಕೊಂಡು ಹೊರಟರು.

ಸಾರು ಎರಡೂವರೆಗೆ ಆಯಿತು. ಬೈರಣ್ಣ ಎರಡು ಮುದ್ದೆ ಉಂಡು ಮೂರನೆಯದಕ್ಕೆ ಕೈ ಹಾಕಿದಾಗ ಅಂಜನಮ್ಮ ಪ್ರಯೋಗಕ್ಕೆ ಇದೇ ಸಮಯ ಎಂದು ಬಾಯಿ ತೆರೆದಳು.

"ರೀ, ಸೋಮವಾರ..."

"ಹಾಂ, ಸೋಮವಾರ. ತಲಘಟ್ಟಪುರದ ಜಮೀನಿಗೆ ಸರ್ವೇಯವರು ಬರ್ತಾರೆ. ನಾನು ಬೆಳಿಗ್ಗೆ ಹೋದ್ರೆ ಸಂಜೇನೇ ಬರೋದು. ನೀನು ಎಲ್ಲೂ ಹೋಗ್ಬೇಡ. ಮೇಲಕ್ಕೂ ಹತ್ಬೇಡ. ಒಂದೂವರೆ ಗಂಟೇಲಿ ನನ್ನ ಜೀವ ಹೋಗಿ ಬಂತು." ಅವನ ದನಿ ನಿಜಕ್ಕೂ ನಡುಗಿತು. ಎಡಗೈಯಲ್ಲಿ ಫೋನನ್ನು ತಟ್ಟಿದ. "ಹತ್ತು ನಿಮಿಷಕ್ಕೊಂದ್ ಸಲ ನೋಡ್ತಾ ಇರ್ತೀನಿ. ಚುಕ್ಕೆ ಮನೇಲಿರ್ಬೇಕು, ಅಷ್ಟೆ."

"ಚುಕ್ಕೆ ಮನೇಲೇ ಇರುತ್ತೆ ಬಿಡಿ," ಅಂದಳು ಅಂಜನಮ್ಮ. ಇನ್ನೊಂದು ಸೌಟು ಸಾರು ಬಡಿಸಿದಳು.

ಬೈರಣ್ಣ ಮಲಗಿ ಗೊರಕೆ ಶುರುವಾದ ಮೇಲೆ ಅರ್ಪಿತ ಮೆಲ್ಲಗೆ ಅಡುಗೆಮನೆಯ ಬಾಗಿಲಿಗೆ ಬಂದಳು. ಅವಳ ಮುಖ ಸಣ್ಣಗಾಗಿತ್ತು.

"ಆಂಟಿ, ತುಂಬಾ ಸಾರಿ. ನಿಮ್ಮ ಫೋನ್ ಕೊಡಿ, ಲಾಗಿನ್ ವಾಪಸ್ ಇದಕ್ಕೇ ಹಾಕ್ಕೊಡ್ತೀನಿ. ಈಗ ನೀವು ಇನ್ನೂ ಕಂಪ್ಯೂಟರಲ್ಲೇ ಇದ್ದೀರ."

ಅಂಜನಮ್ಮ ಪಾತ್ರೆ ತೊಳೆಯುತ್ತಿದ್ದಳು.

"ಇರ್ಲಿ ಬಿಡಮ್ಮ. ಮಂಗಳವಾರ ಮಾಡೋಣ."

"ಸೋಮವಾರದ್ದು ಅಂಕಲ್‌ನ ಕೇಳಿದ್ರಾ? ಬೇಡ ಅಂದ್ರಾ? ಬರಕ್ಕಾಗಲ್ಲ ಅಂತ ಆಫೀಸಲ್ಲಿ ಹೇಳಿಬಿಡ್ಲಾ?"

"ಏನೂ ಹೇಳ್ಬೇಡ ಈಗ್ಲೇ. ಅದಿರ್ಲಿ, ಮೇಜಿನ ಮೇಲಿರೋ ಕಂಪ್ಯೂಟರ್, ಆಫೀಸಿಗೆ ಹೋಗುವಾಗ ಆರಿಸಿ ಹೋಗ್ತೀಯಾ?"

"ಇಲ್ಲ ಆಂಟಿ, ಅದು ಯಾವಾಗ್ಲೂ ಆನ್ ಇರುತ್ತೆ. ಯಾಕೆ?"

"ಸುಮ್ನೆ ಕೇಳ್ದೆ."

ಅರ್ಪಿತ ಹೋದಳು. ಅಂಜನಮ್ಮ ಕೈ ಒರೆಸಿಕೊಂಡು ನಡುಮನೆಗೆ ಬಂದಳು. ಬೈರಣ್ಣನ ಎದೆಯ ಮೇಲೆ ತೆರೆದೇ ಇದ್ದ ಫೋನು ಉಸಿರಿಗೆ ತಕ್ಕಂತೆ ಏರಿಳಿಯುತ್ತಿತ್ತು. ಅದರಲ್ಲಿ ಅವಳ ಚುಕ್ಕೆ ಮನೆಯ ಮೇಲೆ ಅಚ್ಚುಕಟ್ಟಾಗಿ ಕೂತಿತ್ತು. ಅವಳು ಸದ್ದಾಗದಂತೆ ಬೀರು ತೆರೆದು, ಬಸ್ಸಿನಲ್ಲಿ ಸುಕ್ಕಾಗದ ಸೀರೆ ಯಾವುದೆಂದು ನೋಡತೊಡಗಿದಳು. ಹತ್ತು ಗಂಟೆಗೆ ಹೊರಟರೆ ಬನಶಂಕರಿಯಲ್ಲಿ ಬಸ್ಸು ಬದಲಾಯಿಸಿಯೂ ಹನ್ನೊಂದಕ್ಕೆ ಬಿಟಿಎಂ ತಲುಪಬಹುದು.